ಬೆಣ್ಣೆ ತಿಂದವನ ದನಿ

ನಮ್ಮ ದೊಡ್ಡಪ್ಪ ಬರ್ಮಾ ಯುದ್ಧಕ್ಕೆ ಹೋಗಿ ಬಂದವರು. ಊಟಕ್ಕೆ ಕೂತಾಗ ಅನ್ನದ ಅಗುಳೊಂದು ತಟ್ಟೆಯಿಂದಾಚೆ ಬಿದ್ದರೂ ಬೆರಳಿಗೆ ಅಂಟಿಸಿಕೊಂಡು ಬಾಯಿಗೆ ಹಾಕಿಕೊಳ್ಳುತ್ತಿದ್ದರು. ಯಾಕೆಂದು ನಾವ್ಯಾರೂ ಕೇಳಲಿಲ್ಲ. ಒಂದು ದೀಪಾವಳಿಗೆ ತಮ್ಮ ಟೇಪ್‌ರೆಕಾರ್ಡರ್ ತಂದು ಅವರನ್ನು ಮಾತಾಡಿಸಿದ. ಕ್ಯಾಸೆಟ್ಟಿನ ಒಂದು ಪಕ್ಕ ಪೂರ್ತಿ ತುಂಬಿತು. ಅದು ನನ್ನ ಬಳಿಯೇ ಇತ್ತು. ಮಗಳ ಹಾಡಿನ ಸ್ಪರ್ಧೆಯ ಹಿಂದಿನ ದಿನ ಖಾಲಿ ಕ್ಯಾಸೆಟ್ ಸಿಗದೆ, ಅದರ ಮೇಲೆಯೇ ಅವಳ ಹಾಡು ತುಂಬಿಸಿದೆ. ದೊಡ್ಡಪ್ಪ ಇಲ್ಲೇ ಇದ್ದಾರಲ್ಲ, ಇನ್ನೊಮ್ಮೆ ಕೇಳಿದರಾಯಿತು ಅಂದುಕೊಂಡೆ. ಮುಂದಿನ ಮಳೆಗಾಲಕ್ಕೆ ಅವರಿರಲಿಲ್ಲ.

ಇದೆಲ್ಲ ಮತ್ತೆ ಚುಚ್ಚಿದ್ದು, ಅದೇ ಮಗಳು ತೋರಿಸಿದ ಒಂದು ಸಾಕ್ಷ್ಯಚಿತ್ರದಿಂದ. ಜರ್ಮನಿಯ ಫಿಲಿಪ್ ಷೆಫ್ನರ್ 2007ರಲ್ಲಿ ಮಾಡಿದ 'ದಿ ಹಾಫ್‌ಮೂನ್ ಫೈಲ್ಸ್'.

ಮೊದಲ ಮಹಾಯುದ್ಧದಲ್ಲಿ ಬ್ರಿಟಿಷರ ಪರವಾಗಿ ಸಮುದ್ರ ದಾಟಿದ ನಮ್ಮವರು ಹತ್ತು ಲಕ್ಷಕ್ಕೂ ಹೆಚ್ಚು. ಸೆರೆಸಿಕ್ಕ ಕೆಲವರನ್ನು ಜರ್ಮನರು ಬರ್ಲಿನ್ ಬಳಿಯ ವ್ಯುನ್ಸ್‌ಡಾರ್ಫ್‌ನ 'ಅರ್ಧಚಂದ್ರ ಶಿಬಿರ'ದಲ್ಲಿಟ್ಟರು. ಅಲ್ಲಿ 1915ರಲ್ಲಿ ಮರದ ಮಸೀದಿಯನ್ನೂ ಕಟ್ಟಿಸಿಕೊಟ್ಟರು. ಕೈದಿಗಳು ಬ್ರಿಟಿಷರ ಮೇಲೆ ತಿರುಗಿಬೀಳಲಿ ಎಂಬ ಲೆಕ್ಕಾಚಾರ, ಮತ್ತೇನಲ್ಲ. ಭಾಷಾ ಪಂಡಿತರಿಗಂತೂ ಕೂತಲ್ಲೇ ಹಬ್ಬ. ಕೈದಿಯ ಹೆಸರು, ಊರು, ಕಸುಬು ಬರೆದುಕೊಂಡು, ಗ್ರಾಮಫೋನಿನ ಕೊಳವೆಯ ಮುಂದೆ ನಿಲ್ಲಿಸಿ ಮಾತಾಡಿಸುತ್ತಿದ್ದರು. ಅವರಿಗೆ ಬೇಕಾಗಿದ್ದದ್ದು ಉಚ್ಚಾರಣೆ, ಕಷ್ಟಸುಖವಲ್ಲ.

1916ರ ಡಿಸೆಂಬರ್ 11ರಂದು ಹಾಗೆ ನಿಂತವನು ಪಂಜಾಬಿನ ಮಲ್ ಸಿಂಗ್. ಆಡಿದ್ದು ಒಂದೂವರೆ ನಿಮಿಷದಷ್ಟು. 'ನಾನು' ಎನ್ನುವುದೇ ಇಲ್ಲ. ಒಬ್ಬ ಮನುಷ್ಯನಿದ್ದ ಎಂದು ಅಜ್ಜಿಕಥೆಯ ಹಾಗೆ ಶುರುಮಾಡುತ್ತಾನೆ. ಅವನು ಹಿಂದುಸ್ತಾನದಲ್ಲಿ ಬೆಣ್ಣೆ ತಿನ್ನುತ್ತಿದ್ದ, ಹಾಲು ಕುಡಿಯುತ್ತಿದ್ದ. ಯುದ್ಧಕ್ಕೆ ಬಂದು ಸೆರೆಯಾದ. ಊರಿಗೆ ಹೋದರೆ ಅದೇ ಊಟ ಸಿಕ್ಕೀತು, ಇನ್ನೆರಡು ವರ್ಷ ಇಲ್ಲೇ ಇದ್ದರೆ ಸತ್ತೇಹೋಗುತ್ತಾನೆ. ಇಷ್ಟೇ ಮಾತು. ನಮ್ಮ ನೋವನ್ನು ಪಕ್ಕದ ಮನೆಯವಳ ನೋವೆಂಬಂತೆ ಹೇಳಿಕೊಳ್ಳುವುದು ನಮಗೇನು ಹೊಸದೇ? ನನಗೆ ಕಣ್ಣು ತುಂಬಿತು.

ಚಿತ್ರದಲ್ಲಿ ಎಷ್ಟೋ ಹೊತ್ತು ತೆರೆ ಕಪ್ಪಾಗಿಯೇ ಇರುತ್ತದೆ, ದನಿ ಮಾತ್ರ ಕೇಳುತ್ತದೆ. ಮೊದಲಿಗೆ ಏನೋ ಕೆಟ್ಟಿತೆಂದು ಎದ್ದು ವೈರು ಅಲ್ಲಾಡಿಸಿದೆ ಅನ್ನಿ. ಆ ಧ್ವನಿಮುದ್ರಣಗಳು ಬರ್ಲಿನ್‌ನ ಹುಂಬೋಲ್ಟ್ ವಿಶ್ವವಿದ್ಯಾಲಯದ ಸಂಗ್ರಹದಲ್ಲಿವೆ. ಪಂಡಿತರು ಅವನನ್ನು ಕೇಳಿಸಿಕೊಂಡರೋ, ಬರೀ ಅಕ್ಷರ ಎಣಿಸಿದರೋ ಎಂದು ಸಿಟ್ಟು ಬಂತು. ತೊಂಬತ್ತು ವರ್ಷದ ಮೇಲೆ ಸಿನಿಮಾದವನೊಬ್ಬ ಆ ಮಾತಿನ ಹಿಂದಿನ ಮನುಷ್ಯನನ್ನು ಹುಡುಕಿ ಹೊರಡಬೇಕಾಯಿತು. ಆದರೂ ಆ ಪಂಡಿತರು ಉಳಿಸಿದರಲ್ಲ. ಅವರನ್ನು ಬೈಯಲು ನಾನು ಯಾರು?

ನನ್ನ ಕ್ಯಾಸೆಟ್ ಈಗಲೂ ಇದೆ. ಮಗಳ ಹಾಡು ಮುಗಿದ ಮೇಲೆ ತುದಿಯಲ್ಲಿ ಒಂದಿಷ್ಟು ಅಳಿಯದೆ ಉಳಿದಿದೆ. ಅಲ್ಲಿ ದೊಡ್ಡಪ್ಪ ಕೆಮ್ಮುತ್ತಾರೆ. "ಸಾಕು ಬಿಡೋ, ಅನ್ನ ಆರಿಹೋಗತ್ತೆ, ಏಳು" ಅನ್ನುತ್ತಾರೆ.