ನಗೆಯೊಳಗಿನ ನಂಜು: ರುವಾಂಡಾ ಬಾನುಲಿಯ ಧ್ವನಿಮುದ್ರಿಕೆಗಳು

ಶಾಸನ, ಓಲೆಗರಿ, ಕಡತಗಳಂತೆ ಧ್ವನಿಮುದ್ರಿಕೆಯೂ ಇತಿಹಾಸದ ಒಂದು ಆಕರ. ಬರೆಹಕ್ಕೆ ಇಳಿಸಿದಾಗ ಕಳೆದುಹೋಗುವ ನಗೆ, ವ್ಯಂಗ್ಯ, ದನಿಯ ಏರಿಳಿತಗಳು ಅದರಲ್ಲಿ ಉಳಿದಿರುತ್ತವೆ. ಆಫ್ರಿಕಾದ ರುವಾಂಡಾ ದೇಶದ ಆರ್‌ಟಿಎಲ್‌ಎಂ ಬಾನುಲಿಯ ಕ್ಯಾಸೆಟ್ಟುಗಳು ಇದಕ್ಕೆ ಘೋರ ನಿದರ್ಶನವಾಗಿವೆ.

1993ರ ಜುಲೈ 8ರಂದು ರಾಜಧಾನಿ ಕಿಗಾಲಿಯಿಂದ ಪ್ರಸಾರವನ್ನು ಆರಂಭಿಸಿದ ಈ ಖಾಸಗಿ ನಿಲಯದ ಹೆಸರಿಗೆ 'ಸಾವಿರ ಗುಡ್ಡಗಳ ಸ್ವತಂತ್ರ ರೇಡಿಯೊ-ಟೆಲಿವಿಷನ್' ಎಂದರ್ಥ. ಅದರ ಸ್ಥಾಪಕರಲ್ಲಿ ಪ್ರಮುಖನಾದ ಫರ್ಡಿನಾಂಡ್ ನಹಿಮಾನ ವೃತ್ತಿಯಿಂದ ಇತಿಹಾಸದ ಪ್ರಾಧ್ಯಾಪಕನೆಂಬುದು ಗಮನಾರ್ಹ. ಸರ್ಕಾರಿ ರೇಡಿಯೊದ ಗಂಭೀರ ಶೈಲಿಗೆ ಒಗ್ಗಿದ್ದ ಜನರಿಗೆ ಇಲ್ಲಿ ಬೀದಿಯ ಮಾತು, ಕಾಂಗೋದ ಸಂಗೀತ, ಚೇಷ್ಟೆ, ಗಾಳಿಸುದ್ದಿ ಎಲ್ಲವೂ ದೊರೆತವು. ಕಂಟಾನೊ ಹಬಿಮಾನನಂಥ ನಿರೂಪಕರು ಕೇಳುಗರನ್ನು ನಗಿಸುತ್ತಲೇ ಟುಟ್ಸಿ ಸಮುದಾಯದ ಮೇಲೆ ದ್ವೇಷವನ್ನು ಬಿತ್ತಿದರು.

'ಇನ್ಯೆಂಜಿ' ಎಂಬ ಪದದ ಇತಿಹಾಸವನ್ನೇ ನೋಡಬಹುದು. ಕಿನ್ಯಾರುವಾಂಡಾ ಭಾಷೆಯಲ್ಲಿ ಅದರ ಅರ್ಥ ಜಿರಲೆ. 1960ರ ದಶಕದಲ್ಲಿ ಗಡಿಯಾಚೆಯಿಂದ ದಾಳಿ ಮಾಡುತ್ತಿದ್ದ ಟುಟ್ಸಿ ಬಂಡುಕೋರರಿಗೆ ಆ ಹೆಸರು ಸಲ್ಲುತ್ತಿತ್ತು. ಆರ್‌ಟಿಎಲ್‌ಎಂ ಅದನ್ನು ಬಂಡುಕೋರರಿಂದ ಇಡೀ ಸಮುದಾಯಕ್ಕೆ ಹಬ್ಬಿಸಿತು. ಹಾಗಾದ ಮೇಲೆ ತೊಟ್ಟಿಲ ಕೂಸೂ ಶತ್ರುವೇ.

1994ರ ಏಪ್ರಿಲ್ 6ರಂದು ಅಧ್ಯಕ್ಷ ಹಬ್ಯಾರಿಮಾನನ ವಿಮಾನವನ್ನು ಹೊಡೆದುರುಳಿಸಲಾಯಿತು. ಮುಂದಿನ ಸುಮಾರು ನೂರು ದಿನಗಳಲ್ಲಿ ಲಕ್ಷಾಂತರ ಟುಟ್ಸಿಗಳ ಹತ್ಯೆ ನಡೆಯಿತು. ವಿಶ್ವಸಂಸ್ಥೆಯ ಅಂದಾಜಿನಲ್ಲಿ ಸತ್ತವರು ಎಂಟು ಲಕ್ಷ. ಆ ದಿನಗಳಲ್ಲಿ ಬಾನುಲಿಯು ವ್ಯಕ್ತಿಗಳ ಹೆಸರುಗಳನ್ನೂ ಅವರು ಅಡಗಿದ ತಾಣಗಳನ್ನೂ ಸಾರಿ ಹೇಳಿತು.

ತಾಂಜಾನಿಯಾದ ಅರೂಷಾದಲ್ಲಿ ನಡೆದ ಅಂತಾರಾಷ್ಟ್ರೀಯ ನ್ಯಾಯಮಂಡಳಿಯ ವಿಚಾರಣೆಯಲ್ಲಿ ಈ ಕ್ಯಾಸೆಟ್ಟುಗಳು ಸಾಕ್ಷ್ಯವಾದವು. ನವನೀತಮ್ ಪಿಳ್ಳೈ ಅವರ ಅಧ್ಯಕ್ಷತೆಯ ಪೀಠವು 2003ರ ಡಿಸೆಂಬರ್ 3ರಂದು ನಹಿಮಾನನಿಗೆ ಜೀವಾವಧಿ ಶಿಕ್ಷೆಯನ್ನು ವಿಧಿಸಿತು. 2007ರಲ್ಲಿ ಮೇಲ್ಮನವಿ ಪೀಠವು ಅದನ್ನು 30 ವರ್ಷಗಳಿಗೆ ಇಳಿಸಿತು. ಏಪ್ರಿಲ್ 6ಕ್ಕೆ ಹಿಂದಿನ ಪ್ರಸಾರಗಳು ಜನಾಂಗದ್ವೇಷವನ್ನು ಕೆರಳಿಸಿದ್ದು ನಿಜ, ಆದರೆ ನರಮೇಧಕ್ಕೆ ನೇರ ಪ್ರಚೋದನೆಯೆಂಬುದು ಸಂದೇಹಾತೀತವಾಗಿ ಸಿದ್ಧವಾಗಿಲ್ಲ. ಆ ದಿನದ ನಂತರದ ಪ್ರಸಾರಗಳಲ್ಲಿ ಅದು ಸಿದ್ಧವಾಗಿದೆ ಎಂದು ಆ ಪೀಠವು ಎಣಿಸಿತು. ಒಂದೇ ನಿಲಯದ ಮಾತುಗಳನ್ನು ಹೀಗೆ ಕಾಲಾನುಸಾರ ಬೇರ್ಪಡಿಸಲು ಸಾಧ್ಯವಾದದ್ದು ದಿನಾಂಕವುಳ್ಳ ಧ್ವನಿಮುದ್ರಿಕೆಗಳು ಉಳಿದುಬಂದದ್ದರಿಂದ.

ಈ ಆಕರಕ್ಕೂ ಮಿತಿಯುಂಟು. ಪ್ರಸಾರವಾದುದೆಲ್ಲವೂ ಉಳಿದಿಲ್ಲ. ಕೊಲೆಗಾರರನ್ನು ಸಂದರ್ಶಿಸಿದ ವಿದ್ವಾಂಸ ಸ್ಕಾಟ್ ಸ್ಟ್ರಾಸ್ ಅವರು, ಬಾನುಲಿಗಿಂತ ಊರಿನ ಮುಖಂಡರ ಹಾಗೂ ನೆರೆಹೊರೆಯವರ ಒತ್ತಡವೇ ಹೆಚ್ಚಿನದೆಂದು ವಾದಿಸಿದ್ದಾರೆ. ಕೇಳಿದವನ ಮನಸ್ಸಿನಲ್ಲಿ ಏನಾಯಿತೆಂಬುದನ್ನು ಕ್ಯಾಸೆಟ್ಟು ಹೇಳಲಾರದು. ಆಡಿದವನು ಏನನ್ನು ಆಡಿದನು, ಎಂದು ಆಡಿದನು, ಎಂಥ ನಗೆಯೊಡನೆ ಆಡಿದನು ಎಂಬುದನ್ನು ಮಾತ್ರ ಅದು ತಪ್ಪದೆ ಹೇಳುತ್ತದೆ. 'ತಮಾಷೆಗೆ ಅಂದೆ' ಎಂದು ಜಾರಿಕೊಳ್ಳುವವರ ಎದುರು ಅಂಥ ಸಾಕ್ಷಿಯನ್ನು ಕಾಪಿಡುವುದು ಸತ್ತವರಿಗೆ ಇತಿಹಾಸವು ಸಲ್ಲಿಸಬೇಕಾದ ಕನಿಷ್ಠ ಋಣ.