ಅವಧಿ ಮುಗಿದ ಸಂಘ: ತಲಪಾಡಿಯ ಆಚೆ ಈಚೆ

ಬಾಡಿಗೆದಾರರ ಸಂಘದ ಬೈಲಾದಲ್ಲಿ ಇಷ್ಟು ವರ್ಷಕ್ಕೊಮ್ಮೆ ಮಹಾಸಭೆ ಕರೆದು ಹೊಸ ಸಮಿತಿ ಆರಿಸಬೇಕು ಎಂದು ಬರೆದಿರುತ್ತದೆ. ಆ ದಿನ ದಾಟಿಹೋದರೆ ಏನು ಎಂದು ಬರೆದಿಡುವವರು ಕಡಿಮೆ. ಅಂಗಡಿಯವನ ಮಗನಾದ ನಾನು ಈ ಪ್ರಶ್ನೆಯ ಬೆನ್ನುಹತ್ತಿದೆ. ಮಂಜೇಶ್ವರದಲ್ಲಿ ಸಿಗುವ ಉತ್ತರ ಬೇರೆ, ಉಳ್ಳಾಲದಲ್ಲಿ ಸಿಗುವ ಉತ್ತರ ಬೇರೆ. ನಮ್ಮ ಕುಟುಂಬಗಳು ಎರಡೂ ಕಡೆ ವ್ಯಾಪಾರ ಮಾಡಿಕೊಂಡಿರುವುದರಿಂದ ಇದರ ಚರಿತ್ರೆ ತಿಳಿದಿರುವುದು ಒಳ್ಳೆಯದು.

ಮೂಲ ಒಂದೇ. 1860ರಲ್ಲಿ ಬ್ರಿಟಿಷರು ಸೊಸೈಟಿ ನೋಂದಣಿ ಕಾಯಿದೆ ತಂದರು. ಸಾಹಿತ್ಯ, ವಿಜ್ಞಾನ, ದಾನಧರ್ಮದ ಕೆಲಸಕ್ಕೆ ಏಳು ಮಂದಿ ಸೇರಿದರೆ ಸಂಘ ನೋಂದಾಯಿಸಬಹುದಿತ್ತು. ಮದ್ರಾಸ್ ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಗೆ, ಅದರೊಳಗಿದ್ದ ಕಾಸರಗೋಡು ತಾಲೂಕಿಗೂ ಇದೇ ಕಾಯಿದೆ.

1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಹೋಯಿತು. ರಾಜ್ಯ ಪುನರ್ವಿಂಗಡಣಾ ಕಾಯಿದೆ ಈ ತಾಲೂಕನ್ನು ಮಲಬಾರ್ ಜಿಲ್ಲೆಗೆ ಸೇರಿಸಿತು. ತಿರುವಾಂಕೂರು–ಕೊಚ್ಚಿಯಲ್ಲಿ 1955ರ ಬೇರೊಂದು ಕಾಯಿದೆ ಇತ್ತು. ಅದು ದಕ್ಷಿಣದಲ್ಲೇ ಉಳಿಯಿತು. ಮಲಬಾರಿಗೆ 1860ರ ಕಾಯಿದೆಯೇ ಗತಿಯಾಯಿತು. ಈಚೆ ಮೈಸೂರು ರಾಜ್ಯ 1960ರಲ್ಲಿ ತನ್ನದೇ ಕಾಯಿದೆ ಮಾಡಿಕೊಂಡಿತು. ಕರ್ನಾಟಕ ಸಂಘಗಳ ನೋಂದಣಿ ಕಾಯಿದೆ ಎಂದು ಈಗ ಕರೆಯುವುದು ಅದನ್ನೇ.

ಚುನಾವಣೆ ತಡವಾದಾಗ ಈ ವ್ಯತ್ಯಾಸ ಎದ್ದು ಕಾಣುತ್ತದೆ. ಕರ್ನಾಟಕದಲ್ಲಿ ಮೂರನೇ ಒಂದು ಭಾಗ ಸದಸ್ಯರು ಅರ್ಜಿ ಕೊಟ್ಟರೆ 25ನೇ ಕಲಮಿನಂತೆ ರಿಜಿಸ್ಟ್ರಾರ್ ವಿಚಾರಣೆ ಮಾಡಲೇಬೇಕು. 27ಎ ಕಲಮಿನಂತೆ ಸರ್ಕಾರ ಆಡಳಿತಾಧಿಕಾರಿಯನ್ನೂ ನೇಮಿಸಬಹುದು. 1860ರ ಕಾಯಿದೆಯಲ್ಲಿ ಇಂಥ ದಾರಿಗಳಿಲ್ಲ. ವರ್ಷಕ್ಕೊಮ್ಮೆ ಸಮಿತಿಯವರ ಹೆಸರು, ವಿಳಾಸ, ಉದ್ಯೋಗದ ಪಟ್ಟಿಯನ್ನು ರಿಜಿಸ್ಟ್ರಾರ್‌ಗೆ ಸಲ್ಲಿಸಬೇಕು ಎನ್ನುತ್ತದೆ 4ನೇ ಕಲಮು. ಆ ಸಮಿತಿ ಅವಧಿಯೊಳಗಿನದೇ ಎಂಬ ಜಗಳ ಎದ್ದರೆ ಸಿವಿಲ್ ಕೋರ್ಟಿಗೇ ಹೋಗಬೇಕು. ಕೋರ್ಟು ಒಬ್ಬ ವಕೀಲರನ್ನು ಕಮಿಷನರ್ ಆಗಿ ನೇಮಿಸಿ ಚುನಾವಣೆ ಮಾಡಿಸುವುದುಂಟು. ಅಷ್ಟರೊಳಗೆ ವರ್ಷಗಳು ಕಳೆದಿರಬಹುದು.

ಇದರಿಂದ ನಷ್ಟ ಯಾರಿಗೆ? 6ನೇ ಕಲಮಿನ ಪ್ರಕಾರ ಸಂಘದ ಪರವಾಗಿ ದಾವೆ ಹೂಡುವುದು ಅಧ್ಯಕ್ಷರ ಅಥವಾ ಕಾರ್ಯದರ್ಶಿಯಂಥವರ ಹೆಸರಿನಲ್ಲಿ. ಕಟ್ಟಡದ ಧಣಿ ನೀರು ನಿಲ್ಲಿಸಿದ, ದಾರಿ ಮುಚ್ಚಿದ ಎಂದು ಸಂಘ ಕೋರ್ಟಿಗೆ ಹೋದರೆ ಎದುರು ವಕೀಲರ ಮೊದಲ ಪ್ರಶ್ನೆ, "ನಿಮ್ಮ ಅವಧಿ ಮುಗಿದು ಎಷ್ಟು ವರ್ಷ ಆಯಿತು?" ಪದಾಧಿಕಾರಿ ಬದಲಾದರೂ ದಾವೆ ಬಿದ್ದುಹೋಗದು, ಉತ್ತರಾಧಿಕಾರಿಯ ಹೆಸರಿನಲ್ಲಿ ಮುಂದುವರಿಯುತ್ತದೆ ಎಂದು 7ನೇ ಕಲಮು ಹೇಳುತ್ತದೆ. ಆದರೆ ಚುನಾವಣೆಯೇ ಆಗದಿದ್ದರೆ ಉತ್ತರಾಧಿಕಾರಿ ಎಲ್ಲಿಂದ ಬರಬೇಕು? ಕುರ್ಚಿಗಾಗಿ ಸದಸ್ಯರೊಳಗೆ ನಡೆಯುವ ಜಗಳ ಕೊನೆಗೆ ಧಣಿಯ ಕೈಗೆ ಆಯುಧವಾಗುತ್ತದೆ.

ಇನ್ನೊಂದು ಜಗಳ ಮತದಾರರ ಪಟ್ಟಿಯದು. ಚುನಾವಣೆ ಮುಂದೆ ಹೋದ ಹೊತ್ತಿನಲ್ಲಿ ಹೊಸ ಸದಸ್ಯರನ್ನು ಸೇರಿಸಿ ಬಲ ಹೆಚ್ಚಿಸಿಕೊಳ್ಳುವುದು ಹಳೆಯ ಆಟ. ಸಹಕಾರ ಸಂಘಗಳ ಕಾಯಿದೆ ಬೇರೆಯಾದರೂ ಅಲ್ಲಿ ಬಂದ ಎರಡು ತೀರ್ಪು ಗಮನಿಸಬೇಕಾದವು. ಆಡಳಿತ ನಡೆಸಲು ಬಂದ ಅಧಿಕಾರಿ ಹೊಸ ಸದಸ್ಯರನ್ನು ಸೇರಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1997ರಲ್ಲಿ ಕರ್ನಾಟಕದ ಪ್ರಕರಣದಲ್ಲಿ ಹೇಳಿತು. 2000ದಲ್ಲಿ ಕೇರಳದ ಪ್ರಕರಣದಲ್ಲೂ ಅದನ್ನೇ ಎತ್ತಿಹಿಡಿಯಿತು. ತಾತ್ಕಾಲಿಕವಾಗಿ ಕೂತವನು ಮನೆ ಕಾಯಬೇಕು, ಮನೆಯವರನ್ನೇ ಬದಲಾಯಿಸಬಾರದು.

ಆದ್ದರಿಂದ ಸಂಘದ ಬೈಲಾದಲ್ಲಿ ಮೂರು ಮಾತು ಬರೆದಿಡಿ: ಅವಧಿ ಮುಗಿದ ಸಮಿತಿ ಎಷ್ಟು ದಿನ, ಯಾವ ಕೆಲಸಕ್ಕೆ ಮಾತ್ರ ಮುಂದುವರಿಯಬಹುದು, ಅದು ಸಭೆ ಕರೆಯದಿದ್ದರೆ ಎಷ್ಟು ಸದಸ್ಯರು ಸೇರಿ ಕರೆಯಬಹುದು, ಮತದಾರರ ಪಟ್ಟಿ ಯಾವ ದಿನಕ್ಕೆ ಅಂತಿಮ. ಕಾಸರಗೋಡಿನ ಕಡೆಯವರಿಗೆ ಇದು ಇನ್ನೂ ಅಗತ್ಯ, ಅಲ್ಲಿನ ಕಾಯಿದೆ ಬಿಟ್ಟ ಜಾಗವನ್ನು ಬೈಲಾವೇ ತುಂಬಬೇಕು. ಜಗಳ ಹುಟ್ಟಿದ ಮೇಲೆ ಈ ಮೂರು ಸಾಲಿಗೆ ಎರಡೂ ಬಣದವರ ಸಹಿ ಸಿಗುವುದು ಕಷ್ಟ.