ಬಾಲನಟರೂ ಅಕ್ಷರವಿದ್ಯೆಯೂ

ಹರಿಶ್ಚಂದ್ರ ನಾಟಕದಲ್ಲಿ ಲೋಹಿತಾಶ್ವನು ಸರ್ಪದಷ್ಟನಾಗಿ ಬಿದ್ದಾಗ ಸಭಿಕರು ಕಣ್ಣೀರುಗರೆಯುವರು. ಆದರೆ ಆ ಪಾತ್ರವನ್ನು ಧರಿಸಿದ ಬಾಲಕನು ಮರುದಿನ ಯಾವ ಶಾಲೆಗೆ ಹೋಗುವನೆಂದು ವಿಚಾರಿಸುವವರು ವಿರಳ. ಕೊಡಂಬಲದಲ್ಲಿ ಬಹುಕಾಲ ಮಕ್ಕಳಿಗೆ ಪಾಠ ಹೇಳಿದ ನನಗೆ ಈ ಪ್ರಶ್ನೆಯೇ ಮೊದಲು ತೋರುತ್ತದೆ.

ತಿಪಟೂರಿನಲ್ಲಿ ೧೯೨೩ರಲ್ಲಿ ಜನಿಸಿದ ನರಸಿಂಹರಾಜು ಅವರು ನಾಲ್ಕು ವರ್ಷದ ಪ್ರಾಯದಲ್ಲಿಯೇ ಸಿ. ಬಿ. ಮಲ್ಲಪ್ಪನವರ ನಾಟಕ ಮಂಡಲಿಯನ್ನು ಸೇರಿ, ಪ್ರಹ್ಲಾದ, ಲೋಹಿತಾಶ್ವ ಮೊದಲಾದ ಪಾತ್ರಗಳನ್ನು ವಹಿಸಿದರು. ೧೯೨೯ರಲ್ಲಿ ಗಾಜನೂರಿನಲ್ಲಿ ಹುಟ್ಟಿದ ಮುತ್ತುರಾಜರು ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರೊಡನೆ ಗುಬ್ಬಿ ವೀರಣ್ಣನವರ ಮಂಡಲಿಯಲ್ಲಿ ಬೆಳೆದರು; ಶಾಲೆಯನ್ನು ಬಾಲ್ಯದಲ್ಲಿಯೇ ಬಿಟ್ಟರು. ಮುತ್ತುರಾಜರು ರಾಜಕುಮಾರರೆಂಬ ಹೆಸರಿನಿಂದ ನಾಯಕರಾದ ೧೯೫೪ರ ‘ಬೇಡರ ಕಣ್ಣಪ್ಪ’ ಚಿತ್ರದಲ್ಲಿಯೇ ನರಸಿಂಹರಾಜು ಅವರೂ ತೆರೆಗೆ ಬಂದರು.

ಇವರಿಗೆ ನಾಟಕ ಮಂಡಲಿಯೇ ಪಾಠಶಾಲೆಯಾಗಿದ್ದಿತು. ಶುದ್ಧವಾದ ಉಚ್ಚಾರ, ತಾಳಜ್ಞಾನ, ಸಭೆಗೆ ಅಂಜದ ಧೈರ್ಯ ಇವೆಲ್ಲವೂ ಅಲ್ಲಿ ದೊರೆತವು. ರಾಜಕುಮಾರರ ನಿರ್ದುಷ್ಟವಾದ ಕನ್ನಡವೇ ಇದಕ್ಕೆ ಸಾಕ್ಷಿ. ಆದರೆ ಕೀರ್ತಿ ಪಡೆದ ಇಬ್ಬರನ್ನು ನೋಡಿ ವ್ಯವಸ್ಥೆಯನ್ನೇ ಹೊಗಳುವುದು ನ್ಯಾಯವಲ್ಲ. ಕಂಠವೊಡೆದೊಡನೆ ಬಾಲಪಾತ್ರವು ತಪ್ಪುವುದು. ಆಗ ಅಕ್ಷರವೂ ಇಲ್ಲದವನ ಗತಿಯೇನು?

ಈ ಪ್ರಶ್ನೆಯನ್ನು ಚಲಚ್ಚಿತ್ರವೇ ಒಮ್ಮೆ ಕೇಳಿತು. ಎನ್. ಲಕ್ಷ್ಮೀನಾರಾಯಣರು ನಿರ್ದೇಶಿಸಿದ ೧೯೮೫ರ ‘ಬೆಟ್ಟದ ಹೂವು’ ಚಿತ್ರದಲ್ಲಿ ಬಡ ಬಾಲಕನೊಬ್ಬನು ಶಾಲೆಯನ್ನು ಬಿಟ್ಟು, ಹೂಗಳನ್ನು ಮಾರಿ, ‘ಶ್ರೀ ರಾಮಾಯಣ ದರ್ಶನಂ’ ಗ್ರಂಥವನ್ನು ಕೊಳ್ಳಲು ಹಣ ಕೂಡಿಸುವನು. ಕಡೆಗೆ ಮನೆಯವರ ಚಳಿಯನ್ನು ನೆನೆದು ಕಂಬಳಿಯನ್ನು ಕೊಳ್ಳುವನು. ಆ ಪಾತ್ರಕ್ಕಾಗಿ ರಾಷ್ಟ್ರಪ್ರಶಸ್ತಿಯನ್ನು ಪಡೆದವರು ರಾಜಕುಮಾರರ ಕಿರಿಯ ಪುತ್ರ ಲೋಹಿತ್, ಅಂದರೆ ಮುಂದೆ ಪುನೀತರೆಂದು ಪ್ರಸಿದ್ಧರಾಗಿ ೨೦೨೧ರಲ್ಲಿ ಅಗಲಿದವರು.

೨೦೧೬ರಲ್ಲಿ ತಿದ್ದುಪಡಿಯಾದ ಬಾಲಕಾರ್ಮಿಕ ಕಾಯಿದೆಯು ಮಕ್ಕಳು ನಟಿಸಲು ಅವಕಾಶವನ್ನಿತ್ತಿದೆ. ಆದರೆ ಅದರಿಂದ ಶಾಲೆಯ ಓದು ಕೆಡಬಾರದೆಂದು ವಿಧಿಸಿದೆ. ೨೦೧೭ರ ನಿಯಮಗಳಂತೆ ದಿನಕ್ಕೆ ೫ ಗಂಟೆಗಳಿಗಿಂತ ಹೆಚ್ಚು ಕೆಲಸ ಕೂಡದು. ಸಂಪಾದನೆಯಲ್ಲಿ ಶೇಕಡಾ ೨೦ರಷ್ಟನ್ನಾದರೂ ಮಗುವಿನ ಹೆಸರಿನಲ್ಲಿ ಬ್ಯಾಂಕಿನಲ್ಲಿಡಬೇಕು. ನಿಯಮವು ಸಾಧುವಾದುದೇ. ಆದರೆ ಅದನ್ನು ನಡೆಯಿಸತಕ್ಕವರು ಮೊದಲು ತಾಯಿತಂದೆಗಳು. ಮಗುವಿನ ಅಭಿನಯಕ್ಕೆ ಚಪ್ಪಾಳೆ ತಟ್ಟುವ ನಾವೂ ಅದರ ಪುಸ್ತಕವೆಲ್ಲಿದೆಯೆಂದು ಒಮ್ಮೆ ಕೇಳುವುದು ಯುಕ್ತ.